ಬೆಳಗೇ ವಸ್ತುವಾದ ಕಾದಂಬರಿಗಳು, ಚರಿತ್ರೆಗಳು: ಯಾವ ನಸುಕು ನಿಲ್ಲುತ್ತದೆ, ಯಾವುದು ಜಾರುತ್ತದೆ?

ಓಲೆಗರಿ:
ಉಷೆ, ಉದಯ, ಅರುಣ ಎಂಬ ಪದ ಹೆಸರಲ್ಲಿದ್ದ ಪುಸ್ತಕಗಳನ್ನೆಲ್ಲ ಗುಡ್ಡೆ ಹಾಕುತ್ತ ಹೋದರೆ ಪಟ್ಟಿಗೆ ಕೊನೆಯೇ ಇರದು. ಆದ್ದರಿಂದ ಒಂದು ಜರಡಿ ಹಿಡಿಯೋಣ. ಪುಸ್ತಕದಿಂದ ಬೆಳಗನ್ನು ಕಿತ್ತುಹಾಕಿದರೆ ಪುಸ್ತಕವೇ ಕುಸಿಯಬೇಕು. ಕುಸಿಯದಿದ್ದರೆ ಅಲ್ಲಿ ಬೆಳಗು ಬರೀ ಬಣ್ಣ.

ನನ್ನ ಪಾಲಿನ ಮೂರು ಇಲ್ಲಿವೆ.

ಎಲೀ ವೀಸೆಲ್ ಅವರ ‘ಡಾನ್’ (1960). ಬ್ರಿಟಿಷರ ಆಡಳಿತದ ಪ್ಯಾಲೆಸ್ತೀನ್. ಯಹೂದಿ ಹೋರಾಟಗಾರನೊಬ್ಬನನ್ನು ನಸುಕಿನಲ್ಲಿ ಗಲ್ಲಿಗೇರಿಸಲಿದ್ದಾರೆ. ಅದಕ್ಕೆ ಪ್ರತಿಯಾಗಿ, ಒತ್ತೆಯಲ್ಲಿರುವ ಇಂಗ್ಲಿಷ್ ಅಧಿಕಾರಿ ಜಾನ್ ಡಾಸನ್‌ನನ್ನು ಅದೇ ಹೊತ್ತಿಗೆ ಎಲಿಶಾ ಎಂಬ ಎಳೆಯ ಹುಡುಗ ಕೊಲ್ಲಬೇಕು. ಕಾದಂಬರಿ ನಡೆಯುವುದು ಒಂದೇ ಇರುಳಿನಲ್ಲಿ. ಬೆಳಗು ಇಲ್ಲಿ ಗಡುವು.

ಶಿಮಾಜಾಕಿ ತೋಸೋನ್ ಅವರ ‘ಯೋಆಕೆ ಮಾಯೆ’, ಎಂದರೆ ‘ಬೆಳಗಾಗುವ ಮುನ್ನ’. 1929ರಿಂದ 1935ರವರೆಗೆ ಕಂತುಕಂತಾಗಿ ಬಂದದ್ದು. ಶೋಗನ್‌ರ ಆಡಳಿತ ಹೋಗಿ ಚಕ್ರವರ್ತಿಯ ಆಳ್ವಿಕೆ ಮರಳಿದ ಜಪಾನಿನ ಮೈಜಿ ಪಲ್ಲಟವನ್ನು ಕೀಸೋ ದಾರಿಯ ಮಾಗೋಮೆ ಎಂಬ ಅಂಚೆ ತಂಗುದಾಣದಿಂದ ನೋಡುತ್ತದೆ. ನಾಯಕ ಹಾನ್‌ಜೋ ಹೊಸ ಯುಗಕ್ಕಾಗಿ ಕಾದು ಕಾದು, ಅದು ಬಂದಾಗ ಅದರಲ್ಲಿ ತನಗೆ ಜಾಗವೇ ಇಲ್ಲವೆಂದು ಕಂಡು, ಬುದ್ಧಿ ಕೆಟ್ಟು ಕೂಡಿಹಾಕಿದ ಕೋಣೆಯಲ್ಲಿ ಸಾಯುತ್ತಾನೆ.

ಶ್ರೀನಿವಾಸ ಹಾವನೂರರ ‘ಹೊಸಗನ್ನಡದ ಅರುಣೋದಯ’ (1974). ಇದು ಸಾಹಿತ್ಯ ಚರಿತ್ರೆ. ಹೆಸರಿನಲ್ಲಿರುವ ಪದ ಅಲಂಕಾರಕ್ಕೆ ಬಂದದ್ದಲ್ಲ, ಅದೇ ವಾದ ಎಂದು ನನ್ನ ಅಭಿಪ್ರಾಯ. ಬಲ್ಲವರು ಬಿಡಿಸಿ ಹೇಳಿ.

ಮುಂಗೋಳಿ:
ವೀಸೆಲ್ ಪುಸ್ತಕದಲ್ಲಿ ಕಿಟಕಿಯನ್ನು ಮರೆಯಬೇಡಿ. ಹಗಲಿಗೂ ಇರುಳಿಗೂ ವ್ಯತ್ಯಾಸ ತಿಳಿಯುವುದು ಹೇಗೆಂದು ಒಬ್ಬ ಭಿಕ್ಷುಕ ಎಲಿಶಾನಿಗೆ ಚಿಕ್ಕಂದಿನಲ್ಲಿ ಕಲಿಸಿರುತ್ತಾನೆ: ಕಿಟಕಿಯತ್ತ ನೋಡು, ಅಲ್ಲೊಂದು ಮುಖ ಕಂಡರೆ ಇರುಳಾಯಿತು ಅಂತ ತಿಳಿ. ಕೊನೆಗೆ ಅಲ್ಲಿ ಕಾಣುವುದು ಅವನದೇ ಮುಖ. ಇದು ಕವಿಸಮಯವಲ್ಲ, ಗಾಜಿನ ಗುಣ. ಒಳಗಿನ ಬೆಳಕು ಹೊರಗಿನದಕ್ಕಿಂತ ಹೆಚ್ಚಿರುವಷ್ಟು ಹೊತ್ತು ಗಾಜು ಕನ್ನಡಿಯಂತೆ ವರ್ತಿಸುತ್ತದೆ. ಹೊರಗೆ ನಸುಕು ಏರಿದಂತೆ ಪ್ರತಿಬಿಂಬ ತೆಳುವಾಗಿ, ಅದರ ಹಿಂದಿನಿಂದ ಬೀದಿ ತೇಲಿಬರುತ್ತದೆ. ಬೆಳಗಾಗುವುದನ್ನು ಕೋಣೆಯೊಳಗೇ ಕೂತು, ಪೂರ್ವ ದಿಕ್ಕನ್ನು ತೋರಿಸದೆ ಬರೆಯಲು ಇದಕ್ಕಿಂತ ಒಳ್ಳೆಯ ಉಪಕರಣ ನನಗೆ ತಿಳಿದಿಲ್ಲ.

ಪಟ್ಟಿಗೆ ಬೋರಿಸ್ ವಸೀಲ್ಯೆವ್ ಅವರ ‘ಇಲ್ಲಿ ನಸುಕುಗಳು ನಿಶ್ಶಬ್ದ’ (1969) ಸೇರಿಸಿ. 1942ರ ಮೇ, ರಷ್ಯದ ಕರೇಲಿಯಾ ಸೀಮೆ, 171ನೇ ರೈಲು ಸೈಡಿಂಗ್. ಒಬ್ಬ ಸಾರ್ಜೆಂಟ್ ಮೇಜರ್, ಐವರು ಹುಡುಗಿಯರು, ಎದುರಿಗೆ ಹದಿನಾರು ಮಂದಿ ಜರ್ಮನರು. ಬಡಗಣದ ಆ ಅಕ್ಷಾಂಶದಲ್ಲಿ ಬೇಸಿಗೆ ಹತ್ತಿರವಾದಂತೆ ಸಂಜೆಯೂ ನಸುಕೂ ಒಂದಕ್ಕೊಂದು ಅಂಟಿಕೊಳ್ಳುತ್ತವೆ, ನಡುವೆ ಕತ್ತಲೆಗೆ ಎಡೆಯೇ ಇರುವುದಿಲ್ಲ. ಅಡಗಿಕೊಳ್ಳಲು ಇರುಳೇ ಸಿಗದ ಊರಲ್ಲಿ ಹೊಂಚುಯುದ್ಧ. ಹೆಸರಿನ ‘ಇಲ್ಲಿ’ ಎಂಬ ಮಾತು ಎಷ್ಟು ಭಾರದ್ದು ನೋಡಿ.

ರೊಮೇನ್ ರೋಲಾನ್ ‘ಜಾನ್ ಕ್ರಿಸ್ತೋಫ್’ನ ಹತ್ತು ಸಂಪುಟಗಳಲ್ಲಿ ಮೊದಲನೆಯದಕ್ಕೆ ‘ನಸುಕು’ ಎಂದೂ ಕೊನೆಯದಕ್ಕೆ ‘ಹೊಸ ದಿನ’ ಎಂದೂ ಹೆಸರಿಟ್ಟರು. ಬಾಲ್ಯ ಎಂದರೆ ನಸುಕು, ಅಷ್ಟೇ. ನಿಮ್ಮ ಜರಡಿಯಲ್ಲಿ ಅದು ನಿಲ್ಲುವುದು ಅನುಮಾನ.

ಘಳಿಗೆಬಟ್ಟಲು:
ಮೊದಲು ಬೆಳಗು ಎಂದರೆ ಯಾವ ಹೊತ್ತು ಎನ್ನುವುದನ್ನು ಖಚಿತ ಮಾಡಿಕೊಳ್ಳಬೇಕು. ಎಷ್ಟೋ ಕಾದಂಬರಿಗಳು ಎಡವುವುದು ಇಲ್ಲೇ.

ಸೂರ್ಯ ದಿಗಂತದಿಂದ 18 ಡಿಗ್ರಿ ಕೆಳಗೆ ಬಂದಾಗ ಮೂಡಲ ಆಕಾಶ ಕಂಡೂ ಕಾಣದಷ್ಟು ಮಸುಕಾಗಿ ತೆಳುವಾಗುತ್ತದೆ. ಖಗೋಳದವರ ನಸುಕು ಇದು, ಬರಿಗಣ್ಣಿಗೆ ಇನ್ನೂ ಇರುಳೇ. 12 ಡಿಗ್ರಿಗೆ ಬಂದಾಗ ದಿಗಂತದ ಗೆರೆ ಬೇರ್ಪಡುತ್ತದೆ, ಮರಗಳು ಕಪ್ಪು ಆಕಾರಗಳಾಗಿ ನಿಲ್ಲುತ್ತವೆ. ನಾವಿಕರು ನಕ್ಷತ್ರವನ್ನೂ ದಿಗಂತವನ್ನೂ ಒಟ್ಟಿಗೆ ಹಿಡಿದು ಅಳೆಯುತ್ತಿದ್ದ ಹೊತ್ತು ಇದು. 6 ಡಿಗ್ರಿಗೆ ಬಂದರೆ ಬಯಲಲ್ಲಿ ನಿಂತವನಿಗೆ ಎದುರಿನವನ ಮುಖ ಗುರುತು ಸಿಗುತ್ತದೆ, ದಪ್ಪ ಅಕ್ಷರ ಓದಬಹುದು. ಅಲ್ಲಿಂದ ಸೂರ್ಯನ ಅಂಚು ಕಾಣುವವರೆಗೆ ಇರುವುದು ಕೊನೆಯ ತುಣುಕು.

12ರಿಂದ 18 ಡಿಗ್ರಿ ಉತ್ತರ ಅಕ್ಷಾಂಶದ ನಡುವೆ ಈ ಕೊನೆಯ ತುಣುಕು 21ರಿಂದ 24 ನಿಮಿಷ, ಅಷ್ಟೆ. ಮೊದಲ ಮಸುಕಿನಿಂದ ಉದಯದವರೆಗಿನ ಪೂರ್ತಿ ನಸುಕೂ 70ರಿಂದ 80 ನಿಮಿಷದೊಳಗೆ ಮುಗಿಯುತ್ತದೆ, ಏಕೆಂದರೆ ಉಷ್ಣವಲಯದಲ್ಲಿ ಸೂರ್ಯ ಹೆಚ್ಚುಕಡಿಮೆ ನೆಟ್ಟಗೆ ಮೇಲೇರುತ್ತಾನೆ. ಲಂಡನ್ ಅಕ್ಷಾಂಶದಲ್ಲಿ ಓರೆಯಾಗಿ ಜಾರುತ್ತ ಏರುವುದರಿಂದ ಜೂನಿನಲ್ಲಿ ಆ ಕೊನೆಯ ತುಣುಕೇ ಮುಕ್ಕಾಲು ಗಂಟೆ ಹಿಡಿಯುತ್ತದೆ. ಮೇ ಕೊನೆಯಿಂದ ಜುಲೈ ಮಧ್ಯದವರೆಗೆ ಅಲ್ಲಿ ಪೂರ್ಣ ಕತ್ತಲೆಯೇ ಆಗುವುದಿಲ್ಲ.

ಆದ್ದರಿಂದ ಇಂಗ್ಲಿಷ್ ಕಾದಂಬರಿಗಳನ್ನು ಓದಿ ಕಲಿತ ‘ನಿಧಾನವಾಗಿ ಅರಳುವ ಬೆಳಗು’ ನಮ್ಮ ನೆಲದ ಕಥೆಗೆ ಹೊಂದುವುದಿಲ್ಲ. ಇಲ್ಲಿ ಬೆಳಗು ಅರಳುವುದಿಲ್ಲ, ಹರಿಯುತ್ತದೆ. ‘ಬೆಳಕು ಹರಿಯಿತು’ ಎಂದು ಆಡುಮಾತು ಸುಮ್ಮನೆ ಹೇಳುತ್ತಿಲ್ಲ.

ನಮ್ಮ ಹಳೆಯ ಲೆಕ್ಕವೂ ಇದಕ್ಕೆ ಚೆನ್ನಾಗಿ ಕೂಡುತ್ತದೆ. ಘಳಿಗೆ ಎಂದರೆ 24 ನಿಮಿಷ, ಮುಹೂರ್ತ 48, ಜಾವ ಸುಮಾರು 3 ಗಂಟೆ. ಬ್ರಾಹ್ಮೀ ಮುಹೂರ್ತ ಉದಯಕ್ಕೆ 96 ನಿಮಿಷ ಮುಂಚೆ ಶುರುವಾಗಿ 48 ನಿಮಿಷ ಮುಂಚೆ ಮುಗಿಯುತ್ತದೆ. ಅದು ಶುರುವಾಗುವಾಗ ಗಾಢ ಕತ್ತಲೆ, ಮುಗಿಯುವಾಗ ನಾವಿಕರ ನಸುಕು. ‘ಬ್ರಾಹ್ಮೀ ಮುಹೂರ್ತದ ಹೊಂಬಿಸಿಲು’ ಎಂದು ಬರೆದವರು ಎರಡನ್ನೂ ನೋಡಿಲ್ಲ.

ಕರಡುಕತ್ತರಿ:
ಹಸ್ತಪ್ರತಿ ತಿದ್ದುವವರ ಕಣ್ಣಿಗೆ ಪದೇ ಪದೇ ಬೀಳುವ ತಪ್ಪುಗಳನ್ನು ಇಲ್ಲಿ ಹಾಕುತ್ತೇನೆ.

ಚಂದ್ರನದ್ದು ಮೊದಲನೆಯದು. ನಸುಕಿನಲ್ಲಿ ಮೂಡಣದಲ್ಲಿ ಕಾಣುವ ಎಳೆಗೆರೆ ಚಂದ್ರ ಅಮಾವಾಸ್ಯೆಯ ಹಿಂದುಮುಂದಿನದಲ್ಲ, ಅಮಾವಾಸ್ಯೆಗೆ ಮುಂಚಿನದು ಮಾತ್ರ. ಬಿದಿಗೆ ಚಂದ್ರನನ್ನು ಬೆಳಗಿನ ಜಾವಕ್ಕೆ ತಂದು ನಿಲ್ಲಿಸಿದರೆ ಅದು ಸಂಜೆಯ ಪಡುವಣದಿಂದ ಕದ್ದು ತಂದಂತೆ. ಹುಣ್ಣಿಮೆ ಚಂದ್ರ ಉದಯದ ಹೊತ್ತಿಗೆ ಪಡುವಣದಲ್ಲಿ ಇಳಿಯುತ್ತಿರುತ್ತಾನೆ. ಬಹುಳ ಅಷ್ಟಮಿಯ ಚಂದ್ರ ನಡುರಾತ್ರಿಗೆ ಮೂಡಿ ನಸುಕಿಗೆ ನೆತ್ತಿಯ ಹತ್ತಿರ ಇರುತ್ತಾನೆ. ಶುದ್ಧ ಅಷ್ಟಮಿಯವನು ನಡುರಾತ್ರಿಗೇ ಮುಳುಗಿ ಹೋಗಿರುತ್ತಾನೆ. ಅಧ್ಯಾಯ ಮೂರರಲ್ಲಿ ಹುಣ್ಣಿಮೆಯ ಜಾತ್ರೆ, ಅಧ್ಯಾಯ ನಾಲ್ಕರಲ್ಲಿ ‘ನಾಲ್ಕು ದಿನ ಕಳೆದು ಚಂದ್ರನಿಲ್ಲದ ನಸುಕು’ ಎಂದರೆ ಓದುಗ ಹಿಡಿಯುತ್ತಾನೆ. ಹಿಡಿಯದಿದ್ದರೂ ಬರೆದವರಿಗೆ ಗೊತ್ತಿರಬೇಕು.

ಬೆಳ್ಳಿ ಎರಡನೆಯದು. ಶುಕ್ರ ಸೂರ್ಯನಿಂದ 47 ಡಿಗ್ರಿಗಿಂತ ಆಚೆ ಹೋಗುವುದೇ ಇಲ್ಲ, ಹಾಗಾಗಿ ಹೆಚ್ಚೆಂದರೆ ಉದಯಕ್ಕೆ ಮೂರು ಗಂಟೆ ಮುಂಚೆ ಮೂಡೀತು. 584 ದಿನಗಳ ಅದರ ಸುತ್ತಿನಲ್ಲಿ ಸುಮಾರು ಎಂಟೂವರೆ ತಿಂಗಳು ಮಾತ್ರ ಮುಂಜಾನೆ ಕಾಣುತ್ತದೆ. ಕಥೆಯ ವರ್ಷ ಹೆಸರಿಸಿದ್ದರೆ ಬೆಳ್ಳಿ ಅಲ್ಲಿತ್ತೋ ಇಲ್ಲವೋ ನೋಡಲೇಬೇಕು. ವರ್ಷ ಹೇಳದಿದ್ದರೆ ಬೇಕಾದಂತೆ ಮೂಡಿಸಿಕೊಳ್ಳಿ, ಯಾರ ತಕರಾರೂ ಇಲ್ಲ.

ಮೂರನೆಯದು ‘ಬೆಳಗಾಗುವ ಮುಂಚೆಯೇ ಕತ್ತಲು ದಟ್ಟ’ ಎಂಬ ಮಾತು. ಇದು ನಮ್ಮ ಗಾದೆಯೇ ಅಲ್ಲ. ಥಾಮಸ್ ಫುಲ್ಲರ್ ಎಂಬ ಇಂಗ್ಲಿಷ್ ಪಾದ್ರಿ 1650ರಲ್ಲಿ ಬರೆದದ್ದು ಅನುವಾದವಾಗಿ ಬಂದು ಕೂತಿದೆ. ಲೆಕ್ಕದಲ್ಲೂ ತಪ್ಪು: ಸೂರ್ಯ ಅತಿ ಕೆಳಗಿರುವುದು ನಡುರಾತ್ರಿಗೆ, ದಟ್ಟ ಕತ್ತಲೆ ಅದರ ಅಕ್ಕಪಕ್ಕದ್ದು. ಚಳಿಯ ಮಾತಾದರೆ ಸರಿ. ನೆಲ ರಾತ್ರಿಯಿಡೀ ಶಾಖ ಕಳೆದುಕೊಳ್ಳುತ್ತಲೇ ಇರುತ್ತದೆ, ತಳ ಮುಟ್ಟುವುದು ಉದಯದ ಹೊತ್ತಿಗೆ, ಎಷ್ಟೋ ಸಲ ಉದಯವಾದ ಮೇಲೆ. ಮಂಜೂ ಹಾಗೆಯೇ, ಸೂರ್ಯ ಕಂಡ ಕೂಡಲೇ ಚದುರುವುದಿಲ್ಲ, ಸ್ವಲ್ಪ ಹೊತ್ತು ಇನ್ನಷ್ಟು ದಟ್ಟವಾಗುವುದೂ ಉಂಟು.

ಇನ್ನು, ಎಲ್ಲರೂ ಮೂಡಣವನ್ನೇ ನೋಡುತ್ತಾರೆ. ಉದಯಕ್ಕೆ ಹತ್ತು ಹದಿನೈದು ನಿಮಿಷ ಮುಂಚೆ ಪಡುವಣಕ್ಕೆ ತಿರುಗಿದರೆ ದಿಗಂತದ ಮೇಲೆ ಉಕ್ಕಿನ ನೀಲಿ ಪಟ್ಟಿ, ಅದರ ಮೇಲೊಂದು ತೆಳು ಗುಲಾಬಿ ಪಟ್ಟಿ. ಆ ನೀಲಿ ಪಟ್ಟಿ ಭೂಮಿಯ ನೆರಳು. ಸೂರ್ಯ ಏರಿದಂತೆ ಅದು ಇಳಿಯುತ್ತದೆ. ಇರುಳು ಮುಳುಗುವುದನ್ನು ನಿಜವಾಗಿ ಕಣ್ಣಾರೆ ನೋಡಬಹುದಾದ ಜಾಗ ಅದು, ಕಾದಂಬರಿಗಳಲ್ಲಿ ಕಂಡದ್ದು ಅಪರೂಪ.

ಮುಂಗೋಳಿ:
ಬಣ್ಣದ ಮಾತು ಬಂದದ್ದಕ್ಕೆ. ಬೇಂದ್ರೆಯವರ ‘ಬೆಳಗು’ ಕವಿತೆ ಶುರುವಾಗುವುದೇ ಮುತ್ತಿನ ನೀರಿನ ಎರಕದಿಂದ. ಕೆಂಪು ಚಿನ್ನ ಯಾವುದೂ ಅಲ್ಲ, ಮುತ್ತಿನ ಬಿಳಿ. ಕೆಂಪು ಬರುವ ಮುಂಚಿನ ಹೊತ್ತನ್ನು ಹಿಡಿದಿದ್ದಾರೆ. ಗದ್ಯ ಬರೆಯುವವರು ‘ಕೆಂಪೇರಿದ ಪೂರ್ವ’ ಎಂದು ಮೊದಲ ಸಾಲಲ್ಲೇ ಮುಗಿಸಿಬಿಡುತ್ತಾರೆ.

ಅಡಿಟಿಪ್ಪಣಿ:
ಓಲೆಗರಿಯವರೇ, ಹಾವನೂರರ ಹೆಸರಿನ ಬಗ್ಗೆ ಕೇಳಿದ್ದಿರಿ. ಸ್ವಲ್ಪ ಉದ್ದವಾಗುತ್ತದೆ, ತಾಳಿಕೊಳ್ಳಿ.

ನಮ್ಮ ಸಾಹಿತ್ಯ ಚರಿತ್ರೆಯಲ್ಲಿ ಬೆಳಗಿನ ರೂಪಕ ಮೊದಲೇ ಒಂದು ಖಾಯಂ ಕುರ್ಚಿ ಹಿಡಿದಿತ್ತು: ನವೋದಯ. ಬಿ.ಎಂ. ಶ್ರೀಕಂಠಯ್ಯನವರ 1911ರ ಧಾರವಾಡದ ಭಾಷಣ ‘ಕನ್ನಡ ಮಾತು ತಲೆಯೆತ್ತುವ ಬಗೆ’, ಆಮೇಲೆ 1920ರ ದಶಕದ ಇಂಗ್ಲಿಷ್ ಗೀತೆಗಳ ಅನುವಾದ, ಅಲ್ಲಿಂದ ಸೂರ್ಯ ಹುಟ್ಟಿದ ಅಂತ ಪಠ್ಯಪುಸ್ತಕ ಹೇಳುತ್ತದೆ. ಉದಯ ಎಂದ ಮೇಲೆ ಅದರ ಹಿಂದಿನದು ತಾನಾಗಿ ಇರುಳಾಗುತ್ತದೆ. ಯಾರೂ ಇರುಳು ಎಂದು ಬರೆಯಬೇಕಾಗಿಲ್ಲ, ಪದವೇ ಆ ಕೆಲಸ ಮಾಡಿ ಮುಗಿಸುತ್ತದೆ.

ಆ ಇರುಳಿನಲ್ಲಿ ಏನೇನು ಇತ್ತು ನೋಡಿ. 1823ರಲ್ಲಿ ಕೆಂಪುನಾರಾಯಣನ ‘ಮುದ್ರಾಮಂಜೂಷ’. 1843ರ ಜುಲೈ 1ರಂದು ‘ಮಂಗಳೂರು ಸಮಾಚಾರ’ ಪತ್ರಿಕೆಯ ಮೊದಲ ಸಂಚಿಕೆ. 1899ರಲ್ಲಿ ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’. 1901ರಲ್ಲಿ ತೀರಿಕೊಂಡ ಮುದ್ದಣ. 1915ರಲ್ಲಿ ಎಂ.ಎಸ್. ಪುಟ್ಟಣ್ಣನವರ ‘ಮಾಡಿದ್ದುಣ್ಣೋ ಮಹಾರಾಯ’. ಅಚ್ಚು, ನಿಘಂಟು, ಪಠ್ಯಪುಸ್ತಕ, ಪತ್ರಿಕೆ, ಕಾದಂಬರಿ ಎಲ್ಲವೂ ‘ಉದಯ’ಕ್ಕೆ ಮುಂಚೆಯೇ ಬಂದಿವೆ.

ಹಾವನೂರರು ಹತ್ತೊಂಬತ್ತನೆಯ ಶತಮಾನಕ್ಕೆ ಇಟ್ಟ ಹೆಸರು ಅರುಣೋದಯ. ಅರುಣ ಸೂರ್ಯನಲ್ಲ, ಸೂರ್ಯನ ಸಾರಥಿ. ಸೂರ್ಯ ಕಾಣುವ ಮುಂಚಿನ ಬೆಳಕು. ಅಂದರೆ ನವೋದಯವನ್ನು ಅಲ್ಲಗಳೆಯದೆಯೇ ಅದರ ಹಿಂದಿನ ನೂರು ವರ್ಷಕ್ಕೆ ಬೆಳಕಿನ ಲೆಕ್ಕದಲ್ಲಿ ಜಾಗ ಕೊಟ್ಟರು. ‘ಹೊಸಗನ್ನಡದ ಉದಯ’ ಎಂದಿದ್ದರೆ ಜಗಳವಾಗುತ್ತಿತ್ತು, ‘ಪೂರ್ವ ಪೀಠಿಕೆ’ ಎಂದಿದ್ದರೆ ಯಾರೂ ತಲೆಯೆತ್ತಿ ನೋಡುತ್ತಿರಲಿಲ್ಲ. ಒಂದು ಪದದ ಆಯ್ಕೆಯಿಂದ ಚರಿತ್ರೆಯ ಗಡಿ ಸರಿಸಿದ್ದಕ್ಕೆ ಇದಕ್ಕಿಂತ ಚೊಕ್ಕ ಉದಾಹರಣೆ ನನಗೆ ಗೊತ್ತಿಲ್ಲ.

ಮರಾಠಿಯಲ್ಲಿ ಹರಿ ನಾರಾಯಣ ಆಪ್ಟೆಯವರು ಇದನ್ನೇ ಸರಣಿಯಾಗಿ ಮಾಡಿದ್ದರು. ಶಿವಾಜಿಯ ಆರಂಭದ ದಿನಗಳ ಕಾದಂಬರಿಗೆ ‘ಉಷಃಕಾಲ’, ಮುಂದಿನದಕ್ಕೆ ‘ಸೂರ್ಯೋದಯ’, ಅದರ ನಂತರದ್ದಕ್ಕೆ ‘ಸೂರ್ಯಗ್ರಹಣ’. ಮೊದಲನೆಯದು 1890ರ ದಶಕದ್ದು. ಗ್ರಹಣ ಎಂಬ ಆಯ್ಕೆಯನ್ನು ಗಮನಿಸಿ. ಸೂರ್ಯಾಸ್ತ ಎಂದಿದ್ದರೆ ಮತ್ತೆ ಇರುಳಿಗೆ ಒಪ್ಪಿಸಿದಂತೆ. ಗ್ರಹಣವಾದರೆ ಬಿಟ್ಟೇ ಬಿಡುತ್ತದೆ ಎಂಬ ಭರವಸೆ ಪದದೊಳಗೇ ಇದೆ. ಪರರಾಜ್ಯದಲ್ಲಿ ಕೂತು ಬರೆಯುವವನಿಗೆ ಆ ವ್ಯತ್ಯಾಸ ಸಣ್ಣದಲ್ಲ.

ಘಳಿಗೆಬಟ್ಟಲು:
ಒಂದು ತಕರಾರು, ಅಡಿಟಿಪ್ಪಣಿಯವರೇ. ಧರ್ಮಶಾಸ್ತ್ರದ ಲೆಕ್ಕದಲ್ಲಿ ಅರುಣೋದಯ ಎಂದರೆ ಉದಯಕ್ಕೆ ಮುಂಚಿನ ನಾಲ್ಕು ಘಳಿಗೆ, 96 ನಿಮಿಷ. ಏಕಾದಶಿ ನಿರ್ಣಯಕ್ಕೆ ಬಳಸುವುದು ಅದನ್ನೇ. ಅದರ ಮೊದಲ ಭಾಗದಲ್ಲಿ ಬೆಳಕಿನ ಸುಳಿವೂ ಇರುವುದಿಲ್ಲ. ನೀವು ಹೇಳುತ್ತಿರುವುದು ಆಡುಮಾತಿನ ಅರುಣೋದಯ, ಕೆಂಪು ಕಾಣುವ ಕೊನೆಯ ಅರ್ಧ ಗಂಟೆ.

ಅಡಿಟಿಪ್ಪಣಿ:
ಒಪ್ಪಿದೆ. ಆದರೆ ಶಾಸ್ತ್ರದ ಅರ್ಥ ಇಟ್ಟುಕೊಂಡರೂ ಹೆಸರು ಕೆಡುವುದಿಲ್ಲ, ಇನ್ನೂ ಚೆನ್ನಾಗುತ್ತದೆ. 1823ರಲ್ಲಿ ನಿಂತವನಿಗೆ ಬೆಳಕೇನೂ ಕಾಣುತ್ತಿರಲಿಲ್ಲ. ಅದು ಅರುಣೋದಯವೆಂದು ತಿಳಿಯುವುದು ಸೂರ್ಯ ಬಂದ ಮೇಲೆ, ಹಿಂದಕ್ಕೆ ಎಣಿಸಿದಾಗ. ಚರಿತ್ರೆಯ ಎಲ್ಲ ಬೆಳಗುಗಳೂ ಹಾಗೆ ಹಿಂದಕ್ಕೆ ಎಣಿಸಿದವೇ.

ತೋಸೋನ್ ಕಾದಂಬರಿ ಗೆಲ್ಲುವುದು ಇದೇ ಜಾಗದಲ್ಲಿ. ‘ಬೆಳಗಾಗುವ ಮುನ್ನ’ ಎಂಬ ಹೆಸರು ಓದುಗನಿಗೆ ಮಾತ್ರ ಗೊತ್ತಿರುವ ಹೊತ್ತು. 1853ರಲ್ಲಿ ಅಮೆರಿಕದ ಕಪ್ಪು ಹಡಗುಗಳು ಬಂದ ಸುದ್ದಿ ದಾರಿಯುದ್ದಕ್ಕೂ ಹರಿದು ಬರುವಾಗ ಹಾನ್‌ಜೋಗೆ ತಾನು ಯಾವ ಜಾವದಲ್ಲಿದ್ದೇನೆ ಎಂಬುದು ಗೊತ್ತಿಲ್ಲ. ಬೆಳಗಾಯಿತು ಎಂದು ದೇಶ ಹೇಳುವಾಗ ಅವನಿಗೆ ಕತ್ತಲೆ.

ಅಮೆರಿಕದ ಕಪ್ಪು ಚಿಂತಕ ಡು ಬಾಯ್ಸ್ 1940ರ ತಮ್ಮ ಪುಸ್ತಕಕ್ಕೆ ‘ಡಸ್ಕ್ ಆಫ್ ಡಾನ್’ ಎಂದು ಹೆಸರಿಟ್ಟಾಗಲೂ ಇದೇ ಅನುಮಾನ: ಈ ಮಬ್ಬು ಏರುತ್ತಿರುವ ಬೆಳಕಿನದೋ ಇಳಿಯುತ್ತಿರುವ ಬೆಳಕಿನದೋ? 1947ರ ಆಗಸ್ಟ್ ಬಗ್ಗೆ ಉರ್ದು ಕವಿ ಫೈಜ್ ಬರೆದ ಕವಿತೆ ಅದನ್ನು ಕಲೆಬಿದ್ದ ಬೆಳಕು, ಇರುಳು ಕಚ್ಚಿದ ನಸುಕು ಎನ್ನುತ್ತದೆ. ಇತ್ತ ಪುರಾತತ್ತ್ವಜ್ಞ ಗಾರ್ಡನ್ ಚೈಲ್ಡ್ 1925ರಲ್ಲಿ ಐರೋಪ್ಯ ನಾಗರಿಕತೆಯ ಉದಯವೆಂದು ಧೈರ್ಯವಾಗಿ ಬರೆದರೆ, 2021ರಲ್ಲಿ ಗ್ರೇಬರ್ ಮತ್ತು ವೆಂಗ್ರೋ ‘ಎಲ್ಲದರ ಉದಯ’ ಎಂಬ ಹೆಸರಿನಡಿಯಲ್ಲೇ ಒಂದೇ ಉದಯ, ಒಂದೇ ಮೆಟ್ಟಿಲು ಎಂಬ ಕಥೆಯನ್ನು ಮುರಿಯಲು ಹೊರಟರು. ಹೆಸರು ಮಾತ್ರ ಮಾರುಕಟ್ಟೆಗೆ ಮಣಿಯಿತೋ ಏನೋ.

ಓಲೆಗರಿ:
ಯುದ್ಧದ ಚರಿತ್ರೆಗಳಲ್ಲಿ ಬೆಳಗಿನ ದಾಳಿ ತಪ್ಪದೆ ಬರುತ್ತದೆ. ನಿಜಕ್ಕೂ ಅಷ್ಟು ದಾಳಿಗಳು ನಸುಕಿನಲ್ಲೇ ನಡೆದವೇ, ಬರೆಯುವವರ ಚಟವೇ?

ಅಡಿಟಿಪ್ಪಣಿ:
ಎರಡೂ. ನಸುಕಿನ ಲಾಭ ಸರಳ: ಕತ್ತಲೆಯಲ್ಲಿ ಸೇನೆ ಜಮಾಯಿಸಬಹುದು, ಗುರಿ ಹಿಡಿಯುವಷ್ಟು ಬೆಳಕು ಬಂದ ಕೂಡಲೇ ನುಗ್ಗಬಹುದು, ಮುಂದೆ ಇಡೀ ಹಗಲು ಕೈಯಲ್ಲಿರುತ್ತದೆ. ಮೂಡಣದಿಂದ ನುಗ್ಗಿದರೆ ಬಿಸಿಲು ಎದುರಾಳಿಯ ಕಣ್ಣಿಗೆ. 1941ರ ಜೂನ್ 22ರಂದು ಸೋವಿಯತ್ ಗಡಿಯ ಮೇಲೆ ಜರ್ಮನ್ ಫಿರಂಗಿಗಳು ಸಿಡಿದದ್ದು ಬೆಳಗಿನ ಜಾವ 3.15ರ ಸುಮಾರಿಗೆ. ವರ್ಷದ ಅತಿ ಚಿಕ್ಕ ಇರುಳು ಮುಗಿಯುತ್ತಿದ್ದ ಹೊತ್ತು.

1944ರ ಜೂನ್ 6ರ ನಾರ್ಮಂಡಿ ಲೆಕ್ಕ ಇನ್ನೂ ಬಿಗಿ. ಪ್ಯಾರಾಶೂಟಿನವರಿಗೆ ರಾತ್ರಿ ಬೆಳದಿಂಗಳು ಬೇಕು. ಕಡಲತಡಿಯ ಅಡೆತಡೆಗಳು ಕಣ್ಣಿಗೆ ಬೀಳಲು ಇಳಿತ ಬೇಕು. ಆ ಇಳಿತ ನಸುಕಿನ ಬೆನ್ನಿಗೇ ಬರಬೇಕು. ಇವು ಒಟ್ಟಿಗೆ ಕೂಡಿದ್ದು ಜೂನ್ 5, 6, 7ರಂದು ಮಾತ್ರ. ಅಮೆರಿಕನ್ನರ ಎರಡು ತಡಿಗಳಲ್ಲಿ ಇಳಿಯುವ ಹೊತ್ತು 6.30. ಗಡಿಯಾರ ಮಾತ್ರ ಗ್ರೀನಿಚ್‌ಗಿಂತ ಎರಡು ಗಂಟೆ ಮುಂದಿಟ್ಟ ಬ್ರಿಟಿಷ್ ಯುದ್ಧಕಾಲದ್ದು. ಸೂರ್ಯ ಕಂಡು ಅರ್ಧ ಗಂಟೆಯಾಗಿತ್ತಷ್ಟೆ.

ಚಟದ ಕಡೆಗೆ ಬಂದರೆ, 1916ರ ಜುಲೈ 1ರಂದು ಫ್ರಾನ್ಸಿನ ಸೋಮ್‌ ಕದನದಲ್ಲಿ ಬ್ರಿಟಿಷ್ ಪದಾತಿ ಎದ್ದು ನಡೆದದ್ದು ಬೆಳಿಗ್ಗೆ 7.30ಕ್ಕೆ. ಸೂರ್ಯ ಹುಟ್ಟಿ ಎರಡು ಗಂಟೆಗೂ ಮೇಲಾಗಿತ್ತು. ಫಿರಂಗಿ ಎಲ್ಲಿ ಬೀಳುತ್ತಿದೆ ಎಂದು ನೋಡಲು ಬೆಳಕು ಬೇಕೆಂದು ಫ್ರೆಂಚರು ಪಟ್ಟು ಹಿಡಿದಿದ್ದರು. ಆ ದಿನವನ್ನು ‘ನಸುಕಿನ ದಾಳಿ’ ಎಂದು ಬರೆದವರು ಆ ದುರಂತದ ಒಂದು ಮುಖ್ಯ ಕಾರಣವನ್ನೇ ಅಳಿಸಿಹಾಕಿದಂತೆ.

ಇನ್ನು ಶ್ರೀರಂಗಪಟ್ಟಣ, 1799ರ ಮೇ 4. ಕೋಟೆಯ ಬಿರುಕಿಗೆ ಕಂಪನಿಯ ಪಡೆ ನುಗ್ಗಿದ್ದು ಮಧ್ಯಾಹ್ನ ಒಂದು ಗಂಟೆಗೆ. ಕೋಟೆಯವರು ಎಚ್ಚರ ಸಡಿಲಿಸುವ ಸುಡುಬಿಸಿಲಿನ ಹೊತ್ತನ್ನೇ ಬೇಕೆಂದು ಆರಿಸಿಕೊಂಡದ್ದು. ಬೆಳಗಿನ ಜಾವದ ಕಹಳೆ, ಮಂಜಿನಲ್ಲಿ ಕೋಟೆ ಎಂದೆಲ್ಲ ಬರೆದರೆ ಓದಲು ಸೊಗಸಾಗಿರಬಹುದು, ಆದರೆ ದಾಳಿಯ ತಂತ್ರವೇ ಕೈಬಿಟ್ಟು ಹೋಗುತ್ತದೆ.

ಮುಂಗೋಳಿ:
ಗಲ್ಲಿನ ವಿಷಯಕ್ಕೂ ಇದೇ ಚಟವಿದೆ. ಮೊದಲ ಮಹಾಯುದ್ಧದಲ್ಲಿ ಪಲಾಯನ, ಹೇಡಿತನ ಮುಂತಾದ ಆರೋಪಕ್ಕೆ ಬ್ರಿಟಿಷ್ ಸೇನೆ ಗುಂಡಿಕ್ಕಿದ 306 ಮಂದಿಗೆ 2006ರಲ್ಲಿ ಕ್ಷಮೆ ಘೋಷಣೆಯಾಯಿತು. ಅವರನ್ನು ‘ನಸುಕಿನಲ್ಲಿ ಗುಂಡಿಗೆ ಬಲಿಯಾದವರು’ ಎಂದೇ ಕರೆಯುವುದು. ಅಲ್ಲಿ ಅದು ಪದ್ಧತಿ, ಸರಿ. ಆದರೆ ಭಗತ್ ಸಿಂಗ್, ರಾಜಗುರು, ಸುಖದೇವ್ ಅವರನ್ನು ಗಲ್ಲಿಗೇರಿಸಿದ್ದು 1931ರ ಮಾರ್ಚ್ 23ರ ಸಂಜೆ. ನಿಗದಿಯಾಗಿದ್ದದ್ದು ಮರುದಿನ ಬೆಳಿಗ್ಗೆ, ಹಿಂದಿನ ಸಂಜೆಗೇ ಮುಗಿಸಿದರು. ಆ ಅವಸರವೇ ಸರ್ಕಾರದ ಅಂಜಿಕೆಗೆ ಸಾಕ್ಷಿ. ಇದನ್ನು ನಸುಕಿಗೆ ಸರಿಸಿ ಬರೆದರೆ ಸಾಕ್ಷಿ ನಾಶ.

ಕನ್ನಡದಲ್ಲಿ ನಿರಂಜನರ ‘ಚಿರಸ್ಮರಣೆ’ (1955) ಈ ಪಟ್ಟಿಗೆ ಬರಬೇಕು. ಅದು ಕಯ್ಯೂರಿನ ರೈತ ಹೋರಾಟದ ಕಥೆ. ಆ ಹೋರಾಟದ ನಾಲ್ವರನ್ನು ಕಣ್ಣೂರು ಸೆರೆಮನೆಯಲ್ಲಿ ಗಲ್ಲಿಗೇರಿಸಿದ್ದು 1943ರ ಮಾರ್ಚ್ 29ರಂದು.

ಘಳಿಗೆಬಟ್ಟಲು:
ಆ ತಾರೀಖಿನ ಮೇಲೆ ಕಾದಂಬರಿಯನ್ನೋ ಲೇಖನವನ್ನೋ ಬರೆಯುವವರಿಗೆ ಒಂದು ಎಚ್ಚರಿಕೆ. 1942ರ ಸೆಪ್ಟೆಂಬರ್‌ನಿಂದ 1945ರ ಅಕ್ಟೋಬರ್‌ವರೆಗೆ ಭಾರತದ ಗಡಿಯಾರ ಒಂದು ಗಂಟೆ ಮುಂದಿತ್ತು. ಮಾರ್ಚ್ ಕೊನೆಯಲ್ಲಿ ಕಣ್ಣೂರಿನ ಉದಯ ಈಗಿನ ಲೆಕ್ಕಕ್ಕೆ ಆರೂವರೆ, ಆಗಿನ ಗಡಿಯಾರಕ್ಕೆ ಏಳೂವರೆ. ಆ ದಿನಗಳಲ್ಲಿ ‘ಗಂಟೆ ಐದಾಯಿತು, ಮೂಡಲಲ್ಲಿ ಬೆಳಕು’ ಎಂದು ಬರೆದರೆ ಎರಡೂವರೆ ಗಂಟೆ ಅಂತರ.

ಭಾರತೀಯ ಪ್ರಮಾಣ ಸಮಯ ಬಂದದ್ದೇ 1906ರಲ್ಲಿ. ಬಂದ ಮೇಲೂ ಕಲ್ಕತ್ತಾ ತನ್ನ ಹೊತ್ತನ್ನು 1948ರವರೆಗೆ, ಬೊಂಬಾಯಿ 1955ರವರೆಗೆ ಉಳಿಸಿಕೊಂಡವು. ಬೊಂಬಾಯಿ ಹೊತ್ತು ಪ್ರಮಾಣ ಸಮಯಕ್ಕಿಂತ 39 ನಿಮಿಷ ಹಿಂದೆ. ಒಂದೇ ಘಟನೆಗೆ ಎರಡು ದಿನಚರಿಗಳಲ್ಲಿ ಬೇರೆ ಬೇರೆ ಹೊತ್ತು ಕಂಡರೆ ಯಾರೋ ಸುಳ್ಳು ಬರೆದಿದ್ದಾರೆ ಎನ್ನುವ ಮುಂಚೆ ಯಾವ ಗಡಿಯಾರ ಎಂದು ಕೇಳಿ.

ಇದಕ್ಕಿಂತ ದೊಡ್ಡ ಬಲೆ ದಿನದ ಆರಂಭ. ಪಂಚಾಂಗದ ವಾರ ಉದಯದಿಂದ ಉದಯಕ್ಕೆ. ಹಿಜರಿ ದಿನ ಸೂರ್ಯಾಸ್ತದಿಂದ. ನಮ್ಮ ಕ್ಯಾಲೆಂಡರು ನಡುರಾತ್ರಿಯಿಂದ. ಖಗೋಳದವರು 1925ರವರೆಗೆ ಎಣಿಸಿದ್ದು ಮಧ್ಯಾಹ್ನದಿಂದ. ಮಂಗಳವಾರ ಬೆಳಗಿನ ಜಾವ ನಾಲ್ಕಕ್ಕೆ ನಡೆದ ಘಟನೆ ಪಂಚಾಂಗದಲ್ಲಿ ಸೋಮವಾರದ್ದು. ಶಾಸನದ ವಾರಕ್ಕೂ ಪರ್ಷಿಯನ್ ದಾಖಲೆಯ ವಾರಕ್ಕೂ ಒಂದು ದಿನ ವ್ಯತ್ಯಾಸ ಕಂಡರೆ ಘಟನೆ ಇರುಳಿನದ್ದೋ ಎಂದು ಮೊದಲು ನೋಡಬೇಕು. ಆ ಒಂದು ದಿನದ ವ್ಯತ್ಯಾಸವೇ ಎಷ್ಟೋ ಸಲ ಹೊತ್ತಿನ ಸುಳಿವು ಕೊಡುತ್ತದೆ.

ಬೆಳ್ಳಿಚುಕ್ಕಿ:
ಇಷ್ಟೆಲ್ಲ ಲೆಕ್ಕ ಯಾಕ್ರೀ? ಕಾದಂಬರಿ ಪಂಚಾಂಗವಾ? ಹೋಮರ್ ‘ಒಡಿಸ್ಸಿ’ಯಲ್ಲಿ ಮತ್ತೆ ಮತ್ತೆ ಅದೇ ಗುಲಾಬಿ ಬೆರಳಿನ ಉಷೆಯನ್ನು ತರುತ್ತಾನೆ, ಅಕ್ಷಾಂಶ ಕೇಳಿದವರುಂಟಾ? ಇಪ್ಪತ್ತಮೂರನೆಯ ಸರ್ಗದಲ್ಲಂತೂ ಗಂಡಹೆಂಡಿರಿಗೆ ಮಾತಾಡಲು ಹೊತ್ತು ಸಾಲದೆಂದು ಅಥೀನಾ ಉಷೆಯನ್ನೇ ಕಡಲಂಚಿನಲ್ಲಿ ತಡೆದು ನಿಲ್ಲಿಸುತ್ತಾಳೆ.

ಕರಡುಕತ್ತರಿ:
ಆ ತಡೆ ಕೆಲಸ ಮಾಡುವುದು ಅಲ್ಲಿಯವರೆಗೆ ಉಷೆ ಒಮ್ಮೆಯೂ ತಡಮಾಡದೆ ಬಂದದ್ದರಿಂದ. ಅದೇ ಪದಗುಚ್ಛ, ಅದೇ ಹೊತ್ತು, ಸರ್ಗ ಸರ್ಗಕ್ಕೂ. ನಿಯಮ ಕಟ್ಟಿ ಒಂದೇ ಸಲ ಮುರಿದ. ನಿಯಮವೇ ಇಲ್ಲದ ಪುಸ್ತಕದಲ್ಲಿ ಬೆಳಗು ತಡವಾದರೆ ಅದು ಪವಾಡವಲ್ಲ, ಅಚ್ಚಿನ ತಪ್ಪು ಎಂದುಕೊಳ್ಳುತ್ತಾರೆ.

ಬೆಳ್ಳಿಚುಕ್ಕಿ:
ಹ್ಮ್. ಈ ಮಾತು ಬಿಡಿ, ಒಪ್ಪಿದೆ.

ಓಲೆಗರಿ:
ಬೆಳಗನ್ನೇ ಪುರಾವೆಯಾಗಿ ಬಳಸಿದ ಚರಿತ್ರೆಯೂ ಒಂದಿದೆಯಲ್ಲ, ತಿಲಕರದ್ದು?

ಅಡಿಟಿಪ್ಪಣಿ:
ಬಾಲಗಂಗಾಧರ ತಿಲಕರ ‘ಆರ್ಕ್ಟಿಕ್ ಹೋಮ್ ಇನ್ ದ ವೇದಾಸ್’, 1903. ಗ್ರಂಥದ ವಾದದ ಒಂದು ಮುಖ್ಯ ಕಂಬ ಬೆಳಗಿನ ಅವಧಿ. ಋಗ್ವೇದದಲ್ಲಿ ಉಷೆಗೆ ಸುಮಾರು 20 ಸೂಕ್ತಗಳಿವೆ. ಅವುಗಳಲ್ಲಿ ಉಷೆ ಎಷ್ಟೋ ಕಡೆ ಬಹುವಚನದಲ್ಲಿ ಬರುತ್ತಾಳೆ. ಏಳನೆಯ ಮಂಡಲದ ಒಂದು ಋಕ್ಕಿನಲ್ಲಿ ಸೂರ್ಯೋದಯಕ್ಕೆ ಮುಂಚೆ ಹಲವು ದಿನಗಳಿದ್ದವು ಎಂದು ಅರ್ಥ ಮಾಡಬಹುದಾದ ಮಾತಿದೆ. ತೈತ್ತಿರೀಯ ಸಂಹಿತೆ ಮೂವತ್ತು ಉಷಸ್ಸೋದರಿಯರನ್ನು ಹೆಸರಿಸುತ್ತದೆ. ತಿಲಕರ ವಾದ: ದಿನಗಟ್ಟಲೆ ಮುಗಿಯದ ನಸುಕು ಇರುವುದು ಧ್ರುವದ ಹತ್ತಿರ ಮಾತ್ರ, ಆದ್ದರಿಂದ ಸೂಕ್ತ ಕಟ್ಟಿದವರ ಪೂರ್ವಜರ ನೆನಪು ಅಲ್ಲಿಯದು.

ಖಗೋಳದ ಅರ್ಧ ಗಟ್ಟಿಯಾಗಿಯೇ ಇದೆ. ಉತ್ತರ ಧ್ರುವದಲ್ಲಿ ಮೊದಲ ಮಸುಕಿನಿಂದ ಸೂರ್ಯ ಕಾಣುವವರೆಗೆ ಸುಮಾರು ಏಳು ವಾರ. ಕುಸಿಯುವುದು ಪಠ್ಯದ ಅರ್ಧ. ಬಹುವಚನದ ಉಷೆಯರು ದಿನದಿನವೂ ಒಬ್ಬರ ಹಿಂದೆ ಒಬ್ಬರು ಬರುವ ಬೆಳಗುಗಳು ಎಂದು ಓದಿದರೆ ತೊಡಕೇ ಇಲ್ಲ, ಸೂಕ್ತಗಳೇ ಹಿಂದೆ ಹೋದವರ, ಮುಂದೆ ಬರುವವರ ಮಾತಾಡುತ್ತವೆ. ಮೂವತ್ತು ಎಂದರೆ ತಿಂಗಳ ದಿನಗಳು. ವಿದ್ವಾಂಸರು ಧ್ರುವವಾಸದ ಮಾತನ್ನು ಒಪ್ಪಲಿಲ್ಲ. ಆದರೂ ಓದಲೇಬೇಕಾದ ಪುಸ್ತಕ. ಒಂದು ಸಂಕೇತವನ್ನು ಅಳತೆಯ ಕೋಲಿನಿಂದ ಅಳೆಯಲು ಹೋದರೆ ಎಲ್ಲಿ ಕೋಲು ಮುರಿಯುತ್ತದೆ ಎಂದು ಸಾಲುಸಾಲಾಗಿ ಕಾಣಿಸುತ್ತದೆ.

ಓಲೆಗರಿ:
ಬರೆಯುವವರಿಗೆ ಕೊನೆಯದಾಗಿ ಒಂದು ಪ್ರಶ್ನೆ. ಯಾವುದೋ ಹಳೆಯ ತಾರೀಖಿನ ನಸುಕನ್ನು ಪರೀಕ್ಷೆ ಮಾಡುವುದು ಹೇಗೆ?

ಘಳಿಗೆಬಟ್ಟಲು:
ತಾರೀಖು ಶಕವರ್ಷ, ಮಾಸ, ತಿಥಿಯಲ್ಲಿದ್ದರೆ ಮೊದಲು ಅದನ್ನು ಇಂಗ್ಲಿಷ್ ತಾರೀಖಿಗೆ ತನ್ನಿ. ಕ್ರಿ.ಶ. 700ರಿಂದ 1799ರವರೆಗಿನದಕ್ಕೆ ಸ್ವಾಮಿಕಣ್ಣು ಪಿಳ್ಳೆಯವರ ‘ಇಂಡಿಯನ್ ಎಫಿಮೆರಿಸ್’ ಇದೆ, ಶಾಸನತಜ್ಞರು ಬಳಸುವುದು ಅದನ್ನೇ. ತಿಥಿಯ ಜೊತೆ ವಾರವೂ ಕೊಟ್ಟಿದ್ದರೆ ಎರಡೂ ಕೂಡುತ್ತವೆಯೇ ನೋಡಿ. ಕೂಡದಿದ್ದರೆ ಗತವರ್ಷವೋ (ಮುಗಿದ ವರ್ಷಗಳ ಎಣಿಕೆ) ವರ್ತಮಾನವರ್ಷವೋ (ನಡೆಯುತ್ತಿರುವ ವರ್ಷದ ಎಣಿಕೆ) ಎಂದು ಒಂದು ವರ್ಷ ಹಿಂದುಮುಂದು ಮಾಡಿ ಮತ್ತೆ ನೋಡಿ.

ಆಮೇಲೆ ಸ್ಟೆಲೇರಿಯಂ, ಪುಕ್ಕಟೆ ತಂತ್ರಾಂಶ. ಊರಿನ ಅಕ್ಷಾಂಶ ರೇಖಾಂಶ ಹಾಕಿ, ತಾರೀಖು ಹಾಕಿ, ಉದಯದಿಂದ ಒಂದೂವರೆ ಗಂಟೆ ಹಿಂದಕ್ಕೆ ಸರಿಸಿ, ಹತ್ತು ಹತ್ತು ನಿಮಿಷ ಮುಂದೆ ತಳ್ಳುತ್ತ ನೋಡಿ. ಚಂದ್ರ, ಬೆಳ್ಳಿ, ಗುರು ಎಲ್ಲಿದ್ದಾರೆಂದು ಬರೆದಿಟ್ಟುಕೊಳ್ಳಿ. ಎರಡು ಕಡೆ ಎಡವುತ್ತಾರೆ. 1582ರ ಅಕ್ಟೋಬರ್ 15ಕ್ಕಿಂತ ಹಿಂದಿನದನ್ನೆಲ್ಲ ಅದು ಜೂಲಿಯನ್ ಎಂದೇ ತೆಗೆದುಕೊಳ್ಳುತ್ತದೆ. ಇಂಗ್ಲಿಷರು 1752ರವರೆಗೆ ಜೂಲಿಯನ್‌ನಲ್ಲೇ ಇದ್ದುದರಿಂದ, ನಡುವಿನ ಅವಧಿಯ ಅವರ ದಾಖಲೆಯ ತಾರೀಖಿಗೆ ಹದಿನೇಳನೆಯ ಶತಮಾನವಾದರೆ 10, ಹದಿನೆಂಟನೆಯದಾದರೆ 11 ದಿನ ಕೂಡಿಸಿಯೇ ಹಾಕಬೇಕು. ಎರಡನೆಯದು, ಅದರಲ್ಲಿ ಸೊನ್ನೆ ವರ್ಷವಿದೆ. ಕ್ರಿ.ಪೂ. 500 ಬೇಕಿದ್ದರೆ ಮೈನಸ್ 499 ಎಂದು ಹಾಕಿ.

ಗಡಿಯಾರದ ಹೊತ್ತನ್ನು ಕಥೆಯೊಳಗೆ ತರದಿದ್ದರೆ ಅರ್ಧ ತೊಂದರೆ ತಪ್ಪುತ್ತದೆ. ‘ಉದಯಕ್ಕೆ ಎರಡು ಘಳಿಗೆ ಇತ್ತು’ ಎಂದರೆ ಯಾವ ಪ್ರಮಾಣ ಸಮಯವೂ ಅದನ್ನು ಅಲ್ಲಾಡಿಸದು. ವರ್ಷದ ಅತಿ ಬೇಗನೆಯ ಉದಯ ಜೂನ್ 21ಕ್ಕೆ ಎಂದೂ ತಿಳಿಯಬೇಡಿ. 13 ಡಿಗ್ರಿ ಅಕ್ಷಾಂಶದ ಹತ್ತಿರ ಅದು ಮೇ ಕೊನೆ, ಜೂನ್ ಮೊದಲ ವಾರದಲ್ಲೇ ಆಗಿಹೋಗುತ್ತದೆ, ಅತಿ ತಡದ್ದು ಜನವರಿ ಕೊನೆಗೆ.

ಬೆಳ್ಳಿಚುಕ್ಕಿ:
ಕುರುಕ್ಷೇತ್ರದ ಕೊನೆಯ ನಸುಕು, ಅಶ್ವತ್ಥಾಮ ಶಿಬಿರದಿಂದ ಹೊರಬರುವ ಹೊತ್ತು. ಬಡಗಣದಲ್ಲಿ ಧ್ರುವ ನಕ್ಷತ್ರ ಮಿನುಗುತ್ತಿದೆ ಎಂದು ಬರೆಯಬಹುದಾ?

ಘಳಿಗೆಬಟ್ಟಲು:
ಈಗಿನ ಧ್ರುವ ಆಗ ಧ್ರುವದಲ್ಲಿ ಇರಲಿಲ್ಲ. ಭೂಮಿಯ ಅಕ್ಷ ಸುಮಾರು 72 ವರ್ಷಕ್ಕೆ ಒಂದು ಡಿಗ್ರಿ ಸರಿಯುತ್ತದೆ. ಯುದ್ಧವನ್ನು ಕ್ರಿ.ಪೂ. 3000ದ ಆಸುಪಾಸಿಗೆ ಇಟ್ಟರೆ ಧ್ರುವದ ಹತ್ತಿರ ಇದ್ದದ್ದು ಥೂಬನ್ ಎಂಬ ಮಂಕು ನಕ್ಷತ್ರ. ಕ್ರಿ.ಪೂ. 1000ದ ಈಚೆಗೆ ಇಟ್ಟರೆ ಅಲ್ಲಿ ಹೇಳಿಕೊಳ್ಳುವಂಥ ನಕ್ಷತ್ರವೇ ಇರಲಿಲ್ಲ. ಸಪ್ತರ್ಷಿಗಳನ್ನು ತನ್ನಿ, ಆಗ ಅವರು ಬಡಗಣ ಧ್ರುವಕ್ಕೆ ಈಗಿಗಿಂತ ಹತ್ತಿರ ಇದ್ದರು.

ಕರಡುಕತ್ತರಿ:
ಜೊತೆಗೆ ಚಂದ್ರನನ್ನೂ ನೋಡಿಕೊಳ್ಳಿ. ಯುದ್ಧ ಶುರುವಾದ ತಿಥಿಯನ್ನು ಬೇರೆ ಬೇರೆ ಕಡೆ ಬೇರೆ ಬೇರೆಯಾಗಿ ಹಿಡಿಯುತ್ತಾರೆ. ನೀವು ಯಾವುದನ್ನು ಹಿಡಿದರೂ ಹದಿನೆಂಟು ದಿನ ಎಣಿಸಿ ಆ ಇರುಳಿನ ಚಂದ್ರ ಎಲ್ಲಿ ಬರುತ್ತಾನೋ ಅಲ್ಲೇ ಇಡಿ. ಮೊದಲ ಅಧ್ಯಾಯದಲ್ಲಿ ತಿಥಿ ಹೇಳಿದ್ದರೆ ಹದಿನೆಂಟನೆಯ ಇರುಳಿಗೆ ಅದು ನಿಮ್ಮ ಕೈ ಕಟ್ಟುತ್ತದೆ.